ಹದಿನೆಂಟನೆಯ ಶಾಲು

ಲೋಕನಾಥ ಸಿನಿಮಾ ಮಾಡಿದ್ದೆಲ್ಲ ಭಾನುವಾರಗಳಲ್ಲಿ. ಮುಂಬಯಿ ಪಕ್ಕದ ವಾಗ್ಳೆ ಎಸ್ಟೇಟಿನ ಕಾರ್ಖಾನೆಗಳ ನಡುವೆ ಇದ್ದ ಅವನ ಕ್ಯಾಂಟೀನಿಗೆ ಅದೊಂದೇ ರಜೆ. ಕತೆ ಅವನದು, ನಿರ್ದೇಶನ ಅವನದು, ಹೀರೋ ಅವನೇ. ಆರು ವರ್ಷ ಎಳೆದದ್ದರಿಂದ ಮೊದಲ ಹಾಡಿನಲ್ಲಿ ದಟ್ಟ ಕೂದಲಿದ್ದ ಹೀರೋ ಕ್ಲೈಮ್ಯಾಕ್ಸಿಗೆ ಬೋಳಾಗಿದ್ದ. ವಿರಹದಿಂದ ಉದುರಿತು ಎಂದು ಒಂದು ಮಾತು ಸೇರಿಸಿ ಸುಧಾರಿಸಿದ.

ಎರಡು ಸಾವಿರದ ಹನ್ನೊಂದರ ಒಂದು ಭಾನುವಾರ ಡೊಂಬಿವಲಿಯ ಟಾಕೀಸು ಸಿಕ್ಕಿತು, ಬೆಳಿಗ್ಗೆ ಒಂಬತ್ತರಿಂದ ಹನ್ನೆರಡರ ತನಕ. ಆಮೇಲೆ ಹಿಂದಿ ಸಿನಿಮಾ. ಮಂಗಳೂರಿನಲ್ಲಿ ಸಿನಿಮಾ ಹಂಚುವ ಮಧ್ವರಾಜರು ಇದೊಂದು ಆಟ ನೋಡಲೆಂದೇ ಬಂದಿದ್ದರು. ಅವರು ಒಪ್ಪಿದರೆ ಊರಿನಲ್ಲಿ ಬಿಡುಗಡೆ. ಇಲ್ಲವಾದರೆ ಆರು ವರ್ಷ ಮಂಚದ ಅಡಿಗೆ.

ಟಾಕೀಸು ಹಿಡಿದುಕೊಟ್ಟವರು ಊರವರ ಸಂಘದ ಅಧ್ಯಕ್ಷ ದೇಜಪ್ಪ. ಸಿನಿಮಾದ ಖಳನೂ ಒಂದು ಸಂಘದ ಅಧ್ಯಕ್ಷನೇ ಎಂದು ಅವರಿಗೆ ಗೊತ್ತಾದದ್ದು ಹಿಂದಿನ ದಿನ. ಆಟ ರದ್ದು ಮಾಡಿದರೆ ನಾಲ್ಕು ಜನ ಆಡಿಕೊಳ್ಳುತ್ತಾರೆ. ಅದಕ್ಕೆ ಸಿನಿಮಾಕ್ಕೆ ಮೊದಲು ಸನ್ಮಾನ ಇಟ್ಟರು. ಮುಂಬಯಿಯ ಊರವರಲ್ಲಿ ಸನ್ಮಾನ ಬೇಡ ಎಂದವರು ಇನ್ನೂ ಹುಟ್ಟಿರಲಿಲ್ಲ.

ಒಂಬತ್ತಕ್ಕೆ ದೀಪ ಹಚ್ಚಿದರು. ಕಲ್ಯಾಣ ಶಾಖೆಯವರು ಒಂದು ಶಾಲು, ರಬಾಳೆ ಶಾಖೆಯವರು ಒಂದು ಶಾಲು, ಪ್ರತಿ ಶಾಲಿಗೂ ಎರಡು ಮಾತು. ಹತ್ತಕ್ಕೆ ಐದು ನಿಮಿಷವಿದ್ದಾಗ ಲೋಕನಾಥನ ಮೇಲೆ ಹದಿನೇಳು ಶಾಲು. ಹಾರಗಳು ಮೂಗು ಮುಟ್ಟಿದ್ದವು. ಮೇಲಿನ ಸಂದಿಯಲ್ಲಿ ಗಡಿಯಾರ ಮಾತ್ರ ಕಾಣುತ್ತಿತ್ತು. ಸಿನಿಮಾಕ್ಕೆ ಬೇಕಾದದ್ದು ಸರಿಯಾಗಿ ಎರಡು ಗಂಟೆ.

ಇನ್ನೆಷ್ಟು ಉಂಟು ಎಂದು ಪಿಸುಗುಟ್ಟಿದ.

"ಇಪ್ಪತ್ತಾರು," ದೇಜಪ್ಪ ಸಭೆಯ ಕಡೆಗೆ ನಗುತ್ತಲೇ ಅಂದರು. "ಯಾರನ್ನೂ ಬಿಡ್ಲಿಕ್ಕೆ ಆಗುದಿಲ್ಲ ಲೋಕಣ್ಣ. ನಿಮ್ಮ ಸಿನಿಮಾ ಎಂತ, ಓಡಿಹೋಗ್ತದಾ?"

ಹದಿನೆಂಟನೆಯ ಶಾಲು ಹೆಂಡತಿ ಲೋಲಾಕ್ಷಿಯ ಸೋದರಮಾವ ಜಯಶೀಲರದು. ಅವರು ಶಾಲು ಬಿಡಿಸಿ ನಿಂತಾಗ ಲೋಕನಾಥ ಮೈಕು ಕಿತ್ತುಕೊಂಡ.

"ಶಾಲು ಸಾಕು. ಸಿನಿಮಾ ಹಾಕಿ."

ಜಯಶೀಲರು ಬಟ್ಟೆ ಒಣಹಾಕುವವರ ಹಾಗೆ ಸ್ವಲ್ಪ ಹೊತ್ತು ನಿಂತರು. ಆಮೇಲೆ ಶಾಲು ಮಡಚಿ, ಸೋದರಸೊಸೆಯ ಮುಖವನ್ನೂ ನೋಡದೆ ಹೊರನಡೆದರು. ಶಾಲು ಹೊದಿಸಲಿಕ್ಕೆ ಕಾದಿದ್ದವರು ಅವರ ಹಿಂದೆ ಎದ್ದರು. ಹೊದಿಸಿ ಆಗಿದ್ದವರು ತಮ್ಮ ಶಾಲು ವಾಪಸು ಎತ್ತಿಕೊಂಡು ಹೋದರು. ಒಬ್ಬರು ಬೇರೆಯವರದನ್ನು ಒಯ್ದು ಮತ್ತೆ ಬಂದು ಬದಲಾಯಿಸಿಕೊಂಡರು. ದೇಜಪ್ಪ ಬಾಗಿಲು ಹಿಡಿದು ನಿಂತು, ಹೊರಗೆ ಉಪ್ಪಿಟ್ಟು ಶೀರಾ ಉಂಟೆಂದು ಒಬ್ಬೊಬ್ಬರಿಗೂ ಹೇಳಿದರು.

ಸಿನಿಮಾ ಓಡಿತು. ಆರುನೂರು ಕುರ್ಚಿ, ಮೂರು ಜನ. ಲೋಲಾಕ್ಷಿ ಪರದೆ ನೋಡಲಿಲ್ಲ, ಎರಡು ಗಂಟೆ ಗಂಡನನ್ನೇ ನೋಡಿದಳು.

ದೀಪ ಬಂದಾಗ ಮಧ್ವರಾಜರು ಕಣ್ಣೊರೆಸಿಕೊಂಡು, ಆ ಅಧ್ಯಕ್ಷನ ಪಾತ್ರ ಭಾರೀ ಲಾಯ್ಕಾಯ್ತು, ಎರಡು ವಾರ ಹಾಕುತ್ತೇನೆ ಎಂದರು.

"ಆದ್ರೆ ಬಿಡುಗಡೆಗೆ ನೀವು ಬರ್ಬೇಡಿ ಮಾರಾಯ್ರೆ. ಹೊರಗೆ ತಿಂತಾ ಇದ್ದಾರಲ್ಲ, ಇವರ ನೆಂಟರೆಲ್ಲ ಊರಲ್ಲೇ ಇರುದು, ನಿಮ್ಮನ್ನು ಕಂಡ್ರೆ ಎದ್ದು ಹೋಗ್ತಾರೆ."

ಲೋಕನಾಥ ಹೆಂಡತಿಯ ಕಡೆ ತಿರುಗಿಯೂ ನೋಡದೆ ತಕ್ಷಣ ಒಪ್ಪಿದ. ಲೋಲಾಕ್ಷಿ ಎದ್ದು ಹೊರಗೆ ಹೋಗಿ, ಸೋದರಮಾವನ ಪಕ್ಕದಲ್ಲಿ ಉಪ್ಪಿಟ್ಟಿನ ತಟ್ಟೆ ಹಿಡಿದು ನಿಂತಳು.