ಪಕ್ಕದ ಸೀಟಿನಲ್ಲಿ ತಮ್ಮ

ಸಿನಿಮಾದವರೆಂದರೆ ಒಂದು ಜರ್ಬು ಇರಬೇಕಲ್ಲ, ಟೆಹ್ರಾನಿನಿಂದ ಬಂದ ಈ ನಿರ್ದೇಶಕ ಬೆಹ್ರಂಗ್‌ಗೆ ಅದೂ ಇಲ್ಲ. ನಟರು ಬೇಡ, ಬರೆದ ಮಾತು ಬೇಡ, ದೀಪ ಬೇಡ. ನತಂಜ್ ದಾರಿಯಲ್ಲಿ ಬಾಡಿಗೆ ಕಾರು ಓಡಿಸುವ ನನ್ನನ್ನು ಹಿಡಿದು, "ಗೊದ್ರತ್ ಅವ್ರೇ, ದಿನಾ ಹೆಂಗಿರ್ತೀರೋ ಹಂಗೇ ಇರಿ, ಸಾಕು" ಎಂದ. ಅರವತ್ತೆರಡು ವರ್ಷದಿಂದ ಹಾಗೇ ಇದ್ದೇನೆ, ಯಾರೂ ಕ್ಯಾಮೆರಾ ತಂದಿರಲಿಲ್ಲ.

ಕ್ಯಾಮೆರಾವನ್ನು ನನ್ನ ಮುಖಕ್ಕೆ ತಿರುಗಿಸಿಟ್ಟು ತಾನು ಪಕ್ಕದ ಸೀಟಿನಲ್ಲಿ ಕೂತ. ಅಲ್ಲಿರುವುದು ತಾನಲ್ಲ, ನನ್ನ ತಮ್ಮ ಯದೊಲ್ಲಾ ಅಂದುಕೊಂಡು ಮಾತಾಡಬೇಕಂತೆ. ಆ ಹೆಸರು ಕೇಳಿದರೇ ನನಗೆ ಮೈ ಉರಿಯುತ್ತಿತ್ತು. ಹನ್ನೊಂದು ವರ್ಷದ ಹಿಂದೆ ಅಮ್ಮ ಸತ್ತಾಗ ನಾನು ದೂರದ ಯಜ್ದ್‌ಗೆ ಬಾಡಿಗೆ ಹೋಗಿದ್ದೆ. ಮಣ್ಣು ಮಾಡೋಕೆ ನಾಲ್ಕೇ ಗಂಟೆ ತಡೆಯೋ ಎಂದು ಫೋನಿನಲ್ಲಿ ಅಂಗಲಾಚಿದ್ದೆ. ಅವನು ತಡೆಯಲಿಲ್ಲ. ನಾನು ಬಂದಾಗ ಹಸಿಮಣ್ಣಷ್ಟೇ ಇತ್ತು. ಅಂದಿನಿಂದ ಒಂದೇ ಊರಲ್ಲಿದ್ದೂ ಒಬ್ಬರ ಮುಖ ಒಬ್ಬರು ನೋಡಿದವರಲ್ಲ.

ಅದನ್ನೇ ಪಕ್ಕದ ಸೀಟಿಗೆ ಕೇಳಿದೆ, ಯಾಕೋ ಹಾಗೆ ಮಾಡಿದೆ ಅಂತ. ಆಮೇಲೆ ಸ್ವಲ್ಪ ದೂರ ಸುಮ್ಮನೆ ಓಡಿಸಿ ಎಂದ ಬೆಹ್ರಂಗ್. ಏರುದಾರಿಯಲ್ಲಿ ಎಂಜಿನ್ ಕಾದು ವಾಸನೆ ಹೊಡೆಯುತ್ತಿತ್ತು. ನನ್ನ ಜೀವವೆಲ್ಲ ಅದರ ಮೇಲೆ. ಎದುರುಬಿಸಿಲಿಗೆ ಕಣ್ಣಲ್ಲಿ ನೀರು ಬಂತು.

ಮರುವಾರ ಬೆಹ್ರಂಗ್ ನನ್ನ ಕಾರನ್ನು ಎರವಲು ಪಡೆದು, ಯದೊಲ್ಲಾನನ್ನು ಅದೇ ಸೀಟಿನಲ್ಲಿ ಕೂರಿಸಿ, ತಾನು ಕಾರು ಓಡಿಸುತ್ತಾ ಅವನ ಮಾತನ್ನೂ ತೆಗೆದುಕೊಂಡನಂತೆ. ಎರಡನ್ನೂ ಕತ್ತರಿಸಿ ಹೊಲಿಯುತ್ತಾನೆಂದು ನನಗೇನು ಗೊತ್ತು?

ಚಿತ್ರವನ್ನು ಮೊದಲು ನಮ್ಮೂರ ಶಾಲೆಯಲ್ಲೇ ತೋರಿಸಿದ. ಯದೊಲ್ಲಾ ಮುಂದಿನ ಸಾಲಿನಲ್ಲಿ, ನಾನು ಕೊನೆಯಲ್ಲಿ. ಪರದೆಯ ಮೇಲೆ ಅಣ್ಣತಮ್ಮ ಒಂದೇ ಕಾರಿನಲ್ಲಿ ಹೊರಟಿದ್ದೇವೆ! ಯಾಕೋ ಹಾಗೆ ಮಾಡಿದೆ ಅಂತ ಅಲ್ಲಿ ನಾನು ಕೇಳಿದೆ. ಅವನು ತಲೆ ತಗ್ಗಿಸಿ ಹೇಳಿದ:

"ಮೂರು ವರ್ಷ ಅಮ್ಮನ ಹಾಸಿಗೆಯ ಹೊಲಸು ಬಳಿದವನು ನಾನು. ಕೊನೇ ದಿನಗಳಲ್ಲಿ ಗೊದ್ರತ್, ಗೊದ್ರತ್ ಅಂತ ನಿನ್ನನ್ನೇ ಕರೆದ್ಲು. ನನ್ನನ್ನ ಒಂದ್ಸಲಾನೂ ಕರೀಲಿಲ್ಲ. ಹೊಟ್ಟೆಕಿಚ್ಚಾಯ್ತು ಕಣಣ್ಣ. ಅದಕ್ಕೇ ಕಾಯ್ಲಿಲ್ಲ."

ಆಮೇಲೆ ನನ್ನ ಮುಖ ಬಂತು. ಮಾತಿಲ್ಲ, ಕಣ್ತುಂಬ ನೀರು. ಎಷ್ಟು ಹೊತ್ತು ತೋರಿಸಿದನೆಂದರೆ ಹೆಂಗಸರೆಲ್ಲ ಮೂಗೊರೆಸಿಕೊಂಡರು. ಎಂಥ ದೊಡ್ಡ ಮನಸ್ಸು ಎಂದರು ಪಕ್ಕದಲ್ಲಿದ್ದವರು. ದೊಡ್ಡ ಮನಸ್ಸೂ ಇಲ್ಲ, ಮಣ್ಣೂ ಇಲ್ಲ, ನಾನು ಅವನನ್ನು ಕ್ಷಮಿಸಿಯೇ ಇರಲಿಲ್ಲ.

ಚಿತ್ರ ಮುಗಿದದ್ದೇ ಬೆಹ್ರಂಗ್‌ನನ್ನು ಹಿಡಿದುಕೊಂಡೆ. ಇದು ಮೋಸ ಎಂದೆ. ನೀವು ಕೇಳಿದ್ದು ಸುಳ್ಳೇ, ಅವರು ಹೇಳಿದ್ದು ಸುಳ್ಳೇ ಎಂದು ಕೇಳಿದ.

"ನನ್ನ ಮುಖ ಸುಳ್ಳು, ಅದು ಬಿಸಿಲಿಗೆ ಬಂದ ನೀರು" ಎಂದೆ.

ಅವನು ಒಪ್ಪಿಕೊಂಡ. "ಹಂಗಾದ್ರೆ ಅದನ್ನ ಕಿತ್ತುಹಾಕ್ತೀನಿ. ಆದ್ರೆ ನಿಮ್ಮ ತಮ್ಮ ಅದನ್ನ ನಂಬಿದಾರೆ. ಅವರಿಗೆ ನೀವೇ ಹೇಳಿ."

ಹೇಳಿಯೇ ಬಿಡೋಣ ಎಂದು ನಡೆದೆ. ಬಾಗಿಲಲ್ಲಿ ಯದೊಲ್ಲಾ ಎದುರಾದ. ನಮ್ಮಲ್ಲಿ ಬದ್ಧವೈರಿಯಾದರೂ ಸರಿ, ಹೊಸ್ತಿಲಲ್ಲಿ ಮೊದಲು ನೀವು ಎನ್ನದೆ ದಾಟಿದವನು ಹುಟ್ಟಿದ ಮನೆಗೇ ಅವಮಾನ. ಅವನು ಪಕ್ಕಕ್ಕೆ ಸರಿದು, "ನೀನು ನಡಿ ಅಣ್ಣ" ಎಂದ. ನೀನೇ ಹೋಗು ಎಂದಿತು ನನ್ನ ಹಾಳು ನಾಲಿಗೆ. ದೊಡ್ಡವನು ನೀನು ಎಂದ. ದಣಿದವನು ನೀನು ಎಂದೆ. ಹನ್ನೊಂದು ವರ್ಷದ ಮೇಲೆ ನಾವಾಡಿದ ಮೊದಲ ಮಾತುಗಳು ಇವೇ. ಹಿಂದೆ ಜನ ಒತ್ತುತ್ತಿದ್ದರು, ಇಬ್ಬರೂ ಜಗ್ಗಲಿಲ್ಲ.

ಹತ್ತಿರದಿಂದ ನೋಡಿದೆ. ಹಲ್ಲು ಉದುರಿತ್ತು, ಮುದುಕನಾಗಿದ್ದ. ಹೇಳಬೇಕೆಂದು ಬಂದದ್ದು ಬಿಟ್ಟು ಬೇರೆಯೇ ಮಾತು ಬಾಯಿಗೆ ಬಂತು.

"ಅವಳು ನಿನ್ನನ್ನ ಯಾಕೋ ಕರೀಬೇಕಿತ್ತು, ದಡ್ಡ?" ಎಂದೆ. "ದೂರ ಇದ್ದವರನ್ನ ತಾನೆ ಕರೆಯೋದು? ನೀನು ಪಕ್ಕದಲ್ಲೇ ಇದ್ದೆಯಲ್ಲೋ."

ಯದೊಲ್ಲಾ ಚೌಕಟ್ಟು ಹಿಡಿದುಕೊಂಡು ಹೊಸ್ತಿಲ ಮೇಲೇ ಕುಸಿದು ಕೂತ. ನಾನೂ ಕೂತೆ.