ಅತ್ತೆಯ ಡೈಲಾಗು

ಬಾಯಿಗೆ ಬಂದದ್ದನ್ನು ಆಡುವವರು ಲೋಕದಲ್ಲಿ ಬೇಕಾದಷ್ಟು ಜನ ಸಿಗುತ್ತಾರೆ. ಆಡಿದ್ದು ಕೇಳಿದವರ ತಲೆಯಲ್ಲಿ ವಾರಗಟ್ಟಲೆ ಕೂತುಬಿಡುವಂತೆ ಆಡುವವರು ಮಾತ್ರ ಅಪರೂಪ. ಡೈರೆಕ್ಟರಮ್ಮನ ಅತ್ತೆ ಅಂಥವರು. ಅಂಥ ಅತ್ತೆ ಇದ್ದಕ್ಕಿದ್ದಂತೆ ಮಾತು ನಿಲ್ಲಿಸಿಬಿಟ್ಟರು.

ಕೋಪವಿರಬಹುದೇ? ಅತ್ತೆಯ ಕೋಪಕ್ಕೆ ಯಾವತ್ತೂ ಮಾತಿನ ಬಡತನವಿರಲಿಲ್ಲ. ಕಾಯಿಲೆಯೇ? ಊಟ, ನಿದ್ದೆ, ಟೆರೇಸಿನ ಮೇಲಿನ ವಾಕಿಂಗು ಎಲ್ಲ ಎಂದಿನಂತೆಯೇ ನಡೆದಿತ್ತು. ಏನು ಕೇಳಿದರೂ ಹೂಂ, ಹೆಚ್ಚೆಂದರೆ ಉಹೂಂ.

"ಮನೆ ತಣ್ಣಗಿದೆ. ಸುಮ್ಮನೆ ಕೆದಕಬೇಡ ಕಣೇ," ಎಂದು ಗಂಡ ಕೈಮುಗಿದ. ಅವನದು ಕನ್ನಡಕದ ಅಂಗಡಿ. ಊರಿನವರ ಕಣ್ಣೆಲ್ಲ ಪರೀಕ್ಷಿಸಿದ ಮನುಷ್ಯನಿಗೆ ತಾಯಿಯ ಮುಖ ಸಣ್ಣದಾಗಿದ್ದು ಕಂಡಿರಲಿಲ್ಲ.

ಕೆದಕದೆ ಇರುವುದು ಡೈರೆಕ್ಟರಮ್ಮನಿಂದ ಆಗುವ ಕೆಲಸವಲ್ಲ. ಚಿಕ್ಕಂದಿನಿಂದಲೂ ಪಕ್ಕದ ಮನೆಯ ಜಗಳವೆಂದರೆ ಅವಳಿಗೆ ಪ್ರಾಣ; ಗೋಡೆಗೆ ಲೋಟ ಹಚ್ಚಿ, ಲೋಟಕ್ಕೆ ಕಿವಿ ಹಚ್ಚಿ ಕೇಳುತ್ತಿದ್ದಳು. ಆ ಕೆಟ್ಟ ಕುತೂಹಲವೇ ಅವಳನ್ನು ಟೀವಿ ಸ್ಟುಡಿಯೋಗೆ ತಂದು ನಿಲ್ಲಿಸಿತು. ಮೊದಲು ಸಿಕ್ಕಿದ್ದು ಕಂಟಿನ್ಯುಟಿ ನೋಡುವ ಕೆಲಸ: ಹಿಂದಿನ ಶಾಟಿನಲ್ಲಿ ಲೋಟ ಯಾವ ಕೈಯಲ್ಲಿತ್ತು, ಬಾಗಿಲು ಎಷ್ಟು ತೆರೆದಿತ್ತು, ಕಣ್ಣೀರು ಯಾವ ಕೆನ್ನೆಯ ಮೇಲಿತ್ತು. ಮುಂದೆ ಸಹಾಯಕಿಯಾದಳು, ಡೈರೆಕ್ಟರೂ ಆದಳು. ಮೊದಲೆರಡು ಸೀರಿಯಲ್ಲು ಮಕಾಡೆ ಮಲಗಿದವು. ಮೂರನೆಯದು ಏಳು ವರ್ಷದಿಂದ ಓಡುತ್ತಿತ್ತು, ಅದೂ ಅದರೊಳಗಿನ ಗಯ್ಯಾಳಿ ಅತ್ತೆಯೊಬ್ಬಳ ಪುಣ್ಯದಿಂದ. ಆ ಪಾತ್ರ ಮಾಡುವ ನಟಿಯೋ, ಸೊಳ್ಳೆ ಹೊಡೆಯುವ ಮುಂಚೆಯೂ ಕ್ಷಮೆ ಕೇಳುವ ಪಾಪದ ಹೆಂಗಸು.

ಅಂಥವಳ ಬಾಯಿಗೆ ಆ ಗಯ್ಯಾಳಿ ಮಾತು ಎಲ್ಲಿಂದ ಬರುತ್ತಿತ್ತು ಅನ್ನುವುದು ಡೈರೆಕ್ಟರಮ್ಮನ ಗುಟ್ಟು. ಬರಹಗಾರ ಕಳಿಸುತ್ತಿದ್ದುದು 'ನೀನು ಈ ಮನೆತನದ ಗೌರವವನ್ನು ಮಣ್ಣುಪಾಲು ಮಾಡಿದೆ' ಎಂಬಂಥ ಡೈಲಾಗು. ಇವಳು ಸೆಟ್ಟಿನಲ್ಲಿ ಅದನ್ನು ಹೊಡೆದುಹಾಕಿ, ಬೆಳಗ್ಗೆ ಮನೆಯಲ್ಲಿ ತಾನು ಅನ್ನಿಸಿಕೊಂಡು ಬಂದದ್ದನ್ನೇ ನಟಿಗೆ ಹೇಳಿಕೊಡುತ್ತಿದ್ದಳು: "ಬರುವಾಗ ಹೆಜ್ಜೆ ಸಪ್ಪಳ ಇಲ್ಲ, ಬಂದಮೇಲೆ ಪಾತ್ರೆ ಸಪ್ಪಳ ನಿಲ್ಲಲ್ಲ." ನಗು ತಡೆಯಲಾರದೆ ಕ್ಯಾಮೆರಾದವನು ಫ್ರೇಮು ಅಲ್ಲಾಡಿಸಿಬಿಡುತ್ತಿದ್ದ. ಅತ್ತೆಗೆ ತಿಳಿದೀತೆಂಬ ಭಯವೂ ಇರಲಿಲ್ಲ. ಸೀರಿಯಲ್ಲು ಬರುವ ಸಂಜೆ ಏಳಕ್ಕೆ ಅವರು ರೂಮಿನ ಬಾಗಿಲು ಹಾಕಿಕೊಂಡು ಸುದ್ದಿ ನೋಡುತ್ತಾರೆಂದು ಗಂಡ ಹೇಳಿದ್ದ. ಇವಳಂತೂ ಆ ಹೊತ್ತಿಗೆ ಒಂದು ದಿನವೂ ಮನೆಯಲ್ಲಿದ್ದವಳಲ್ಲ.

ಹೀಗಿರುವಾಗ ಒಂದು ಬೆಳಗ್ಗೆ ಲಿಫ್ಟಿನಲ್ಲಿ, ಅತ್ತೆ ಪಕ್ಕದಲ್ಲೇ ನಿಂತಿರುವಾಗ, ಮೇಲಿನ ಮನೆಯಾಕೆ ಅಂದುಬಿಟ್ಟಳು: "ನಿಮ್ಮ ಸೀರಿಯಲ್ ಅತ್ತೆ ಥೇಟ್ ನಿಮ್ಮತ್ತೆ ಥರಾನೇ ಮಾತಾಡ್ತಾಳೆ ನೋಡಿ!"

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಡೈರೆಕ್ಟರಮ್ಮನ ಕಿವಿ ಕೆಂಪಾಯಿತು. ಅತ್ತೆ ತುಟಿ ಬಿಗಿಹಿಡಿದು, ಬಾಗಿಲ ಮೇಲೆ ಬದಲಾಗುವ ನಂಬರುಗಳನ್ನೇ ನೋಡುತ್ತ ನಿಂತರು.

ಅವತ್ತೇ ಅವಳು ಕಳ್ಳತನ ಬಿಟ್ಟಳು. ಸೀರಿಯಲ್ಲಿನಲ್ಲಿ ಮನೆತನದ ಗೌರವ ಮತ್ತೆ ದಿನಾ ಮಣ್ಣುಪಾಲಾಗತೊಡಗಿತು. ನೋಡುವವರು ಕಡಿಮೆಯಾದರು. ಚಾನೆಲ್‌ನವರು ಕರೆಸಿ, "ಈ ಅತ್ತೆ ಸಪ್ಪೆಯಾದಳು ಮೇಡಂ. ಕೋಮಾಗೆ ಹಾಕಿ ಮುಗಿಸಿಬಿಡಿ," ಎಂದರು. ಮನೆಯಲ್ಲಿ ಆಗಲೇ ಮೌನ ಶುರುವಾಗಿತ್ತು.

ಆದರೆ ಒಂದು ಲೆಕ್ಕ ಕೂಡಿಬರಲಿಲ್ಲ. ಲಿಫ್ಟಿನ ಮಾತಿಗೆ ನೊಂದಿದ್ದರೆ ಅತ್ತೆ ಅಂದೇ ಬಾಯಿ ಮುಚ್ಚಬೇಕಿತ್ತು. ಅದಾದ ಮೇಲೂ ಎರಡು ವಾರ ಅವರು ಭರ್ಜರಿಯಾಗಿ ಬೈದಿದ್ದರು, ಎಂದಿಗಿಂತ ಒಂದು ಕೈ ಹೆಚ್ಚಾಗಿಯೇ. ಕಂಟಿನ್ಯುಟಿಯಲ್ಲಿ ಪಳಗಿದ ಕಣ್ಣಿಗೆ ಈ ಎರಡು ವಾರ ಚುಚ್ಚತೊಡಗಿತು. ಇವತ್ತು ಶೂಟ್ ಮಾಡಿದ್ದು ಟೀವಿಯಲ್ಲಿ ಬರಲು ಹಿಡಿಯುವುದೂ ಅಷ್ಟೇ ಸಮಯ. ಹಾಗಾದರೆ ಆ ಮುಚ್ಚಿದ ಬಾಗಿಲ ಹಿಂದೆ ಅತ್ತೆ ನೋಡುತ್ತಿರುವುದು ಏನನ್ನು?

ಕೋಮಾ ದೃಶ್ಯ ಮರುದಿನವಿತ್ತು. ಆ ಸಂಜೆ ಅವಳು ಉಳಿದ ಶಾಟುಗಳನ್ನು ಸಹಾಯಕನಿಗೆ ಒಪ್ಪಿಸಿ, ಏಳಕ್ಕೆ ಮುಂಚೆ ಮನೆ ಸೇರಿದಳು. ಚಪ್ಪಲಿ ಕೈಯಲ್ಲಿ ಹಿಡಿದು ಒಳಬಂದಳು. ಅಡುಗೆಮನೆಯಿಂದ ಒಂದು ಲೋಟ ತಂದು ಅತ್ತೆಯ ಬಾಗಿಲಿಗೆ ಹಚ್ಚಿದಳು. ವಯಸ್ಸು ಐವತ್ತಾದರೇನು, ಹುಟ್ಟುಗುಣ ಸುಟ್ಟರೂ ಹೋಗದು.

ಒಳಗೆ ಅವಳ ಸೀರಿಯಲ್ಲೇ ನಡೆದಿತ್ತು. "ನಿನಗೆ ಕ್ಷಮೆಯೇ ಇಲ್ಲ!" ಎಂದು ನಟಿ ಕೂಗಿದಳು.

"ಅಯ್ಯೋ ಕರ್ಮವೇ, ಇಂಥ ಮಾತು ಯಾವ ಮನೇಲಿ ಆಡ್ತಾರೆ?" ಅದು ಅತ್ತೆಯ ದನಿ. ಸ್ವಲ್ಪ ಹೊತ್ತು ಬಿಟ್ಟು, ಮಗುವಿಗೆ ಪಾಠ ಹೇಳಿಕೊಟ್ಟಷ್ಟು ಮೆತ್ತಗೆ: "ಹೀಗನ್ನೇ. 'ನೀನು ಕೇಳೋ ಕ್ಷಮೆ, ಮಳೆ ನಿಂತಮೇಲೆ ಕೊಟ್ಟ ಕೊಡೆ.'"

ಲೋಟ ಕೈಜಾರಿ ಠಣ್ಣೆಂದಿತು. ಬಾಗಿಲು ತೆರೆಯಿತು. ಅತ್ತೆ ಲೋಟ ನೋಡಿದರು, ಸೊಸೆಯನ್ನು ನೋಡಿದರು.

"ಅತ್ತೆ, ತಪ್ಪಾಯ್ತು. ನಿಮ್ಮನ್ನ ಒಂದು ಮಾತೂ ಕೇಳದೆ, ನಿಮ್ಮ ಮಾತೆಲ್ಲ ಕದ್ದು..."

"ಕದ್ದಿದ್ದಕ್ಕೆ ಯಾರು ಏನಂದ್ರು? ಕದಿಯೋದು ಯಾಕೆ ಬಿಟ್ಟೆ?" ಅತ್ತೆಯ ದನಿ ಸಣ್ಣಗಾಯಿತು. "ನಿಮ್ಮ ಮಾವ ಇರೋತನಕ ನನ್ನ ಮಾತಿಗೆ ಒಂದಿನ ತಲೆ ಎತ್ತಿ ನೋಡಿದವರಲ್ಲ. ನಿನ್ನಿಂದ ಊರೆಲ್ಲ ಕೇಳ್ತು. ಆಮೇಲೆ ಎಷ್ಟು ಕಾದರೂ ಒಂದೂ ಬರಲಿಲ್ಲ. ನನ್ನ ಮಾತು ಹಳಸಿತೇನೋ ಅಂತ ಬಾಯಿ ಮುಚ್ಕೊಂಡೆ."

"ಲಿಫ್ಟಲ್ಲಿ ನಿಮಗೆ ಬೇಜಾರಾಯ್ತು ಅಂದ್ಕೊಂಡಿದ್ದೆ."

"ಬೇಜಾರಾ? ನಗು ಉಕ್ಕಿ ಬರ್ತಿತ್ತು ಕಣೇ. ಅದಕ್ಕೇ ನಂಬರ್ ನೋಡ್ತಾ ನಿಂತಿದ್ದೆ."

ಡೈರೆಕ್ಟರಮ್ಮನಿಗೆ ಅಳು ಬಂತು. ತಿಂಗಳೊಪ್ಪತ್ತು ತನ್ನ ಮನೆಯೊಳಗೆ ಒಂದು ಜೀವ ಹೀಗೆ ಕೊರಗಿದ್ದು ತನ್ನಿಂದಲೇ. "ನಾಳೆ ಅವಳನ್ನ ಕೋಮಾಗೆ ಹಾಕ್ತಿದ್ದೀವಿ ಅತ್ತೆ. ಇನ್ನು ಮಾತಿಲ್ಲ ಅವಳಿಗೆ."

"ಯಾರನ್ನ?" ಅತ್ತೆ ಮಂಚದ ತುದಿಯಲ್ಲಿ ಕುಳಿತುಬಿಟ್ಟರು. "ನನ್ನನ್ನಾ?"

ಡೈರೆಕ್ಟರಮ್ಮ ಹೌದೆಂದು ತಲೆಯಾಡಿಸಿದಳು. ಆಮೇಲೆ ಅತ್ತೆ ಕಣ್ಣು ಕಿರಿದು ಮಾಡಿ, "ಆಸ್ಪತ್ರೇಲಿ ಸೊಸೆ ಎಲ್ಲಿ ಕೂತಿರ್ತಾಳೆ, ಹೇಳು," ಎಂದರು.

ಮರುದಿನ ಸೆಟ್ಟಿನಲ್ಲಿ ಮಂಚ, ಡ್ರಿಪ್ಪು, ಕುಂಯ್‌ಗುಡುವ ಯಂತ್ರ ಎಲ್ಲ ಸಿದ್ಧವಾಗಿತ್ತು. ಸೀರಿಯಲ್ಲಿನ ಸೊಸೆ ಬಿಕ್ಕಿ ಬಿಕ್ಕಿ ಅತ್ತಳು. ನಟಿ ಮೆಲ್ಲಗೆ ಒಂದೇ ಕಣ್ಣು ತೆರೆದಳು. "ಅಳೋದು ಆಮೇಲಿರಲಿ. ಒಲೆ ಮೇಲೆ ಹಾಲಿಟ್ಟು ಬಂದಿದ್ದೀಯ, ಅದನ್ನ ನೋಡು ಹೋಗು." ಫ್ರೇಮು ಗಡಗಡ ನಡುಗಿತು. ಪಾತ್ರ ಮುಗಿಯುವುದನ್ನು ನೋಡಲು ಬಂದಿದ್ದ ಚಾನೆಲ್‌ನ ಮನುಷ್ಯ ಹೊಟ್ಟೆ ಹಿಡಿದು ನಕ್ಕು, "ಬದುಕಲಿ ಬಿಡಿ ಮೇಡಂ," ಎಂದ.

ಮಾರನೆಯ ಬೆಳಗ್ಗೆ ಅವಳು ಅಡುಗೆ ಮಾಡಿ ಬಡಿಸಿದಳು. ಅತ್ತೆ ಮೊದಲ ತುತ್ತಿಗೇ ತಟ್ಟೆ ಸರಿಸಿ, ಗಂಟಲು ಸರಿಮಾಡಿಕೊಂಡು, ಒಂದೊಂದೇ ಪದ ಬಿಡಿಸಿ ಹೇಳಿದರು: "ಈ ಮನೇಲಿ ಕಣ್ಣೀರಿಗಿರೋ ಉಪ್ಪು ಅಡುಗೆಗಿಲ್ಲ."

"ಶುರುವಾಯ್ತಪ್ಪ," ಎಂದು ಗಂಡ ತಲೆಯ ಮೇಲೆ ಕೈ ಹೊತ್ತ.

ಡೈರೆಕ್ಟರಮ್ಮ ಒಂದು ತುತ್ತು ಬಾಯಿಗಿಟ್ಟು ನೋಡಿದಳು. ಉಪ್ಪು ಸರಿಯಾಗಿಯೇ ಇತ್ತು.