ರಾಣಿವಾಸದ ಹಿಂದಿ

ನ್ಯಾಮತಿಯಲ್ಲಿ ಹೊಲಿಗೆ ಅಂಗಡಿ ಇಟ್ಟಿರುವ ಹೇಮಾವತಿ ಹತ್ತನೇ ತರಗತಿಯಲ್ಲಿ ಹಿಂದಿ ಪಾಸಾಗಿದ್ದೇ ಒಂದು ಪವಾಡ. ಅಂಥವಳು ನಲವತ್ತೆರಡನೇ ವಯಸ್ಸಿನಲ್ಲಿ ಹಿಂದಿ ಕಥೆಯೊಂದಕ್ಕೆ ಮನಸೋತಳು. ಮೊಬೈಲಿನಲ್ಲಿ ಕೇಳುವ ಕಥೆ, ದಿನಕ್ಕೊಂದು ಕಂತು. ಸಿಂಹಾಸನ ಕಳೆದುಕೊಂಡ ರಾಣಿಯೊಬ್ಬಳು ವೇಷ ಮರೆಸಿಕೊಂಡು ತನ್ನದೇ ಅರಮನೆಗೆ ದಾಸಿಯಾಗಿ ಸೇರುತ್ತಾಳೆ. ಹೇಮಾವತಿಯ ಕೈ ಮಿಷನ್ನಿನ ಮೇಲೆ, ಕಣ್ಣು ಸೂಜಿಯ ಮೇಲೆ. ಪುರುಸೊತ್ತಿದ್ದದ್ದು ಕಿವಿಗೆ ಮಾತ್ರ.

ಮೊದಲ ಹತ್ತು ಕಂತು ಅರ್ಥವಾಗಿದ್ದು ಅಷ್ಟಕ್ಕಷ್ಟೆ. ಆದರೆ ಕಥೆ ಹೇಳುವವನ ದನಿ ಅವಳನ್ನು ಬಿಡಲಿಲ್ಲ. ರಾಣಿ ಅಳುವಾಗ ಅವನು ಅಳುತ್ತಿರಲಿಲ್ಲ. ದನಿ ತಗ್ಗಿಸಿ, ಅವಳ ಕೈಯಲ್ಲಿದ್ದ ದೀಪ ನಡುಗಿತು ಎಂದಷ್ಟೇ ಹೇಳಿ ಸುಮ್ಮನಾಗುತ್ತಿದ್ದ. ಅಷ್ಟಕ್ಕೇ ಹೇಮಾವತಿಯ ಕಣ್ಣು ತುಂಬುತ್ತಿತ್ತು. ಮುನ್ನೂರನೇ ಕಂತಿನ ಹೊತ್ತಿಗೆ ಒಂದು ಮಾತೂ ತಪ್ಪುತ್ತಿರಲಿಲ್ಲ.

"ಅವರು ಹಿಂದ್ಯಾಗೆ ಅತ್ರೆ ನೀನು ಕನ್ನಡದಾಗೆ ಅಳ್ತೀಯಲ್ಲೇ," ಎಂದು ಗಂಡ ಕಲ್ಲೇಶ್ ನಗುತ್ತಿದ್ದ.

"ಒಂದಿನ ಕುಂತು ಕೇಳ್ರಿ, ಆಮೇಲೆ ನಗೀರಂತೆ."

ಕೇಳಿ ಕಲಿತದ್ದೇ ಹೊರತು ಹಿಂದಿ ಮಾತಾಡುವ ಸಂದರ್ಭ ಅವಳಿಗೆ ಬಂದಿರಲಿಲ್ಲ. ಹೊನ್ನಾಳಿ ರಸ್ತೆಯ ಸೇತುವೆ ಕೆಲಸಕ್ಕೆ ಬಿಹಾರದ ಕಡೆಯವರು ಬಂದಿಳಿದಿದ್ದರು. ಒಂದು ಮಧ್ಯಾಹ್ನ ಆ ಗುಂಪಿನ ಸುನೈನಾ ಎಂಬ ಹೆಂಗಸು ಅಂಗಡಿಯ ಮುಂದೆ ನಿಂತಳು. ಮೊಣಕೈವರೆಗೆ ಸಿಮೆಂಟು ಮೆತ್ತಿತ್ತು. ಕೈಯಲ್ಲಿದ್ದ ರವಿಕೆಯ ಪಕ್ಕವನ್ನು ಎಳೆದು ತೋರಿಸಿದಳು: ಬಿಗಿಯಾಗಿದೆ, ಬಿಡಿಸಿಕೊಡಬೇಕು.

ಹೇಮಾವತಿ ಎದ್ದು ನಿಂತಳು.

"ಪಧಾರಿಯೇ ದೇವಿ," ಅಂದಳು. "ಆಸನ್ ಗ್ರಹಣ್ ಕೀಜಿಯೇ. ಕ್ಯಾ ಆಜ್ಞಾ ಹೈ ಆಪ್‌ಕೀ?"

ದಯಮಾಡಿಸಿ ದೇವಿ, ಆಸೀನರಾಗಿ, ಏನಪ್ಪಣೆ ಎಂಬ ಆ ಮಾತು ಕೇಳಿ, ಬೇರೆ ಯಾರಾದರೂ ಬಂದಿದ್ದಾರೇನೋ ಎಂದು ಸುನೈನಾ ಹಿಂದೆ ತಿರುಗಿ ನೋಡಿದಳು. ಯಾರೂ ಇಲ್ಲ. ಆಮೇಲೆ ನಗು ಹೊರಟಿತು ನೋಡಿ, ಸೆರಗು ಬಾಯಿಗೆ ಒತ್ತಿಕೊಂಡರೂ ತಡೆಯಲಾಗಲಿಲ್ಲ. ರವಿಕೆಯನ್ನು ಸ್ಟೂಲಿನ ಮೇಲಿಟ್ಟು ನಗುತ್ತಲೇ ಹೋದಳು.

ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು ಹೇಮಾವತಿಗೆ. ತಾನು ಹಿಂದಿ ಕಲಿತದ್ದು ದಾಸಿಯರೂ ರಾಣಿಯರಂತೆ ಮಾತಾಡುವ ಅರಮನೆಯಲ್ಲಿ ಎಂಬುದು ಅವಳಿಗೆ ಹೊಳೆದದ್ದೇ ಆಗ. ಮೂರು ದಿನ ಕಥೆ ಹಾಕಲಿಲ್ಲ.

"ಯಾಕೆ, ರಾಣಿ ಸತ್ಲೇನು?" ಎಂದ ಕಲ್ಲೇಶ್.

"ಆಕೆಗೇನಾಗ್ತೈತೆ. ಹೋಗಿದ್ದು ನನ್ನ ಮಾನ."

ಭಾನುವಾರ ಸುನೈನಾ ಮತ್ತೆ ಬಂದಳು, ಜೊತೆಗೆ ಇನ್ನೂ ಮೂವರು ಹೆಂಗಸರು. ಹೇಮಾವತಿ ತಲೆ ಎತ್ತದೆ ರವಿಕೆ ಚಾಚಿದಳು. ಸುನೈನಾ ರವಿಕೆ ಬಿಟ್ಟು ಆ ಕೈಯನ್ನೇ ಹಿಡಿದುಕೊಂಡಳು. ಅವತ್ತು ಹೇಳಿದ್ದನ್ನು ಇವರಿಗೂ ಒಮ್ಮೆ ಹೇಳಿ ಎಂದು ತನ್ನ ಹಿಂದಿಯಲ್ಲಿ ಕೇಳಿದಳು. ಹೇಮಾವತಿಯ ಮುಖ ಕೆಂಪಾದದ್ದನ್ನು ಕಂಡು ಜೋರಾಗಿ ತಲೆಯಾಡಿಸಿದಳು. ತಮಾಷೆಗಲ್ಲ ದೀದಿ, ಎಂದಳು. ಈ ಕಡೆ ಬಂದು ನಾಲ್ಕು ತಿಂಗಳಾಯಿತು. 'ಏಯ್, ಇಧರ್ ಆ', 'ಏಯ್, ಜಲ್ದಿ', ಇಷ್ಟೇ ಕೇಳಿದ್ದು. 'ಆಪ್' ಎಂದು ಬಹುವಚನ ಕೊಟ್ಟು ಕರೆದವರು ನೀವೊಬ್ಬರೇ. ನಾನು ಹೋಗಿ ಹೇಳಿದರೆ ಇವರು ನಂಬುತ್ತಿಲ್ಲ.

ಹೇಮಾವತಿ ಕೊರಳಿನ ಟೇಪು ತೆಗೆದಿಟ್ಟು ಎದ್ದಳು. ಒಬ್ಬೊಬ್ಬರ ಮುಂದೂ ನಿಂತು, ಬೇಸರವಿಲ್ಲದೆ, ನಾಲ್ಕು ಸಲ ಸ್ವಾಗತ ಹೇಳಿದಳು. ಮೂರನೆಯವಳು ಗಂಭೀರವಾಗಿ ಸ್ಟೂಲಿನ ಮೇಲೆ ಕೂತು ಕಾಲ ಮೇಲೆ ಕಾಲು ಹಾಕಿದಾಗ ಎಲ್ಲರೂ ನಕ್ಕರು, ಹೇಮಾವತಿಯೂ ನಕ್ಕಳು. ಸದ್ದು ಕೇಳಿ ಒಳಗಿನಿಂದ ಇಣುಕಿದ ಕಲ್ಲೇಶ್ ಚಹಾಕ್ಕೆ ನೀರಿಟ್ಟ.

ಅವತ್ತು ಎಲ್ಲರೂ ಕೂತು ರಾಣಿಯ ಕಥೆ ಕೇಳುವುದು ಮೊದಲ ಕಂತಿನಿಂದ ಮತ್ತೆ ಶುರುವಾಯಿತು. ಸೇತುವೆ ಮುಗಿಯುವವರೆಗೂ ಭಾನುವಾರ ತಪ್ಪಲಿಲ್ಲ. ಮಧ್ಯೆ ಮಧ್ಯೆ ಸುನೈನಾ ಅವಳಿಗೆ ಅರಮನೆಯಲ್ಲಿ ಯಾರೂ ಆಡದ ಮಾತುಗಳನ್ನು ಕಲಿಸಿದಳು. ಎಲ್ಲಕ್ಕಿಂತ ಮೊದಲು ಕಲಿಸಿದ್ದು, ಊಟವಾಯಿತೇ ಎಂದು ಕೇಳುವುದನ್ನು.